ದೆವ್ವಕ್ಕೂ ಒಂದು ಮನೆಮಾತು ಬೇಕು

ದೆವ್ವದ ಸಿನಿಮಾ ಯಾವ ಭಾಷೆಯಲ್ಲಿ ನೋಡಬೇಕು ಅಂತ ಯಾರಾದರೂ ಕೇಳಿದರೆ ನನ್ನ ಉತ್ತರ ಸೀದಾ ಇದೆ. ಸಣ್ಣವರಿದ್ದಾಗ ನಿಮ್ಮವ್ವ ಯಾವ ಭಾಷೆಯಲ್ಲಿ ನಿಮ್ಮನ್ನು ಹೆದರಿಸಿ ಊಟ ಮಾಡಿಸುತ್ತಿದ್ದಳೋ ಆ ಭಾಷೆಯಲ್ಲಿ. "ಗುಮ್ಮ ಬರ್ತಾನ ನೋಡ" ಅಂದಾಗ ಹೊಟ್ಟೆಯೊಳಗೆ ಏನೋ ಜಾರಿದ ಹಾಗೆ ಆಗುತ್ತಿತ್ತಲ್ಲ, ಆ ಜಾಗಕ್ಕೆ ಬೇರೆ ಭಾಷೆ ಅಷ್ಟು ಸಲೀಸಾಗಿ ಇಳಿಯುವುದಿಲ್ಲ.

ಇದನ್ನು ಬರೆಯಬೇಕು ಅನಿಸಿದ್ದು 'ದಿ ಎಕ್ಸಾರ್ಸಿಸ್ಟ್' ಸಿನಿಮಾವನ್ನು ಮನೆಯಲ್ಲಿ ಎರಡು ಸಲ ನೋಡಿದ ಮೇಲೆ. ಒಂದು ಸಲ ಹಿಂದಿಯಲ್ಲಿ, ಮನೆಮಂದಿಯೆಲ್ಲ ಕೂತು. ಇನ್ನೊಂದು ಸಲ ಇಂಗ್ಲಿಷಿನಲ್ಲಿ, ಒಬ್ಬನೇ, ಕಿವಿಗೆ ಹೆಡ್‌ಫೋನ್ ಹಾಕಿಕೊಂಡು. ವಿಮರ್ಶೆ ಬರೆಯುವ ಉದ್ದೇಶ ಖಂಡಿತ ಇಲ್ಲ. 1973ರ ಸಿನಿಮಾಕ್ಕೆ ಈಗ ನನ್ನ ವಿಮರ್ಶೆ ಯಾರಿಗೆ ಬೇಕು :) ನನ್ನ ತಕರಾರು ಬೇರೆ. ನಮ್ಮನೆಯಲ್ಲಿ ಆ ಸಿನಿಮಾಕ್ಕೆ ಮೂರನೇ ಭಾಷೆಯೊಂದು ಇರಬೇಕಿತ್ತು. ಅದು ಇರಲಿಲ್ಲ.

ಮೊದಲು ನಮ್ಮ ಕಡೆಯ ಹಕೀಕತ್ತು ಸ್ವಲ್ಪ ಹೇಳಬೇಕು. ಬೆಂಗಳೂರು, ಮೈಸೂರು, ಮಂಗಳೂರಿನ ಬ್ಲಾಗಿಗರಿಗೆ ಇದು ಅಷ್ಟಾಗಿ ಗೊತ್ತಿರಲಿಕ್ಕಿಲ್ಲ. ನಮ್ಮದು ಚಿಕ್ಕೋಡಿ. ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡ... ಬೆಳಗಾವಿ ಜಿಲ್ಲೆಯಲ್ಲಿ ಮಹಾರಾಷ್ಟ್ರದ ಕಡೆಗಿರುವ ತಾಲೂಕುಗಳು. ನಿಪ್ಪಾಣಿಯಿಂದ ಕೊಲ್ಹಾಪುರ ಸುಮಾರು 40 ಕಿ.ಮೀ., ಬೆಂಗಳೂರು 500 ಕಿ.ಮೀ.ಗಿಂತಲೂ ಹೆಚ್ಚು. ಕಾಗವಾಡದವರಿಗೆ ಮಿರಜ ಅಂದರೆ ಪಕ್ಕದ ಓಣಿ ಇದ್ದ ಹಾಗೆ. ಮದುವೆ ಜವಳಿಗೆ ಕೊಲ್ಹಾಪುರ, ದೊಡ್ಡ ದವಾಖಾನೆಗೆ ಮಿರಜ, ಒಳ್ಳೆ ಥಿಯೇಟರಿಗೆ ಕೊಲ್ಹಾಪುರ ಇಲ್ಲಾ ಸಾಂಗಲಿ. ಮನೆಯೊಳಗೆ ಕನ್ನಡ, ಸಂತೆಯಲ್ಲಿ ಕನ್ನಡ ಮರಾಠಿ ಎರಡೂ ಕೂಡಿದ ಮಾತು, ಟೀವಿಯೊಳಗೆ ಹಿಂದಿ. ಇದು ನಮ್ಮ ದಿನಚರಿ.

ಹೀಗಾಗಿ ನಮ್ಮ ಕಡೆಯವರು ಪರದೆಯ ಮೇಲಿನ ದೆವ್ವಕ್ಕೆ ಹೆದರಲು ಕಲಿತದ್ದೇ ಹಿಂದಿಯಲ್ಲಿ. ರಾಮ್ಸೆ ಸಹೋದರರ 'ದೋ ಗಜ್ ಜಮೀನ್ ಕೆ ನೀಚೆ' (1972), 'ಪುರಾನಾ ಮಂದಿರ್' (1984), 'ವೀರಾನಾ' (1988) ನೆನಪಿದ್ದವರು ಇದ್ದೀರಲ್ಲ? 1993ರಿಂದ ಅದೇ ಮಂದಿಯ 'ಝೀ ಹಾರರ್ ಶೋ' ಟೀವಿಯಲ್ಲಿ ಬರುತ್ತಿತ್ತು. ನಾವು ಚಾದರದೊಳಗೆ ಮುಖ ಮುಚ್ಚಿಕೊಂಡು ಒಂದು ಕಣ್ಣಷ್ಟೇ ಹೊರಗಿಟ್ಟು ನೋಡುತ್ತಿದ್ದೆವು. 'ದೋ ಗಜ್ ಜಮೀನ್ ಕೆ ನೀಚೆ' ಚಿತ್ರೀಕರಣ ಆಗಿದ್ದು ಮಹಾಬಳೇಶ್ವರದಲ್ಲಿ. ನಮ್ಮ ಯಡೂರಿನ ವೀರಭದ್ರನ ಗುಡಿ ಪಕ್ಕ ಹರಿಯುವ ಕೃಷ್ಣೆ ಹುಟ್ಟುವುದೂ ಅಲ್ಲೇ. ನೀರೂ ಅಲ್ಲಿಂದ, ದೆವ್ವವೂ ಅಲ್ಲಿಂದ :)

ಆದರೆ ಒಂದು ಮಾತು. ರಾಮ್ಸೆಯವರ ದೆವ್ವಗಳಿಗೆ ಮಾತು ಕಡಿಮೆ. ಗುಡುಗು, ಕಿರ್ ಅನ್ನುವ ಬಾಗಿಲು, ಹಸಿರು ದೀಪ, ಮುಖದ ತುಂಬ ಮೇಣ, ಮ್ಯಾಲೊಂದು ಗುರ್ ಅನ್ನುವ ಸದ್ದು. ಇಷ್ಟರಲ್ಲೇ ಕೆಲಸ ಮುಗಿಯುತ್ತಿತ್ತು. ಹಿಂದಿ ಬರದವರಿಗೂ ಹೆದರಿಕೆಯಲ್ಲಿ ಪಾಲು ಸಿಗುತ್ತಿತ್ತು. 'ಎಕ್ಸಾರ್ಸಿಸ್ಟ್' ಹಾಗಲ್ಲ. ಅದರ ದೆವ್ವ ಮಾತಾಡುತ್ತದೆ. ಬಯ್ಯುತ್ತದೆ, ಅಣಕಿಸುತ್ತದೆ, ಸುಳ್ಳು ಹೇಳುತ್ತದೆ, ಎದುರಿಗಿದ್ದವನ ಮನಸ್ಸಿನ ಗಾಯ ಹುಡುಕಿ ಅದಕ್ಕೇ ಉಪ್ಪು ಸವರುತ್ತದೆ. ಅದರ ಮಾತು ತಿಳಿಯದಿದ್ದರೆ ಸಿನಿಮಾದಲ್ಲಿ ಉಳಿಯುವುದು ಹಸಿರು ವಾಂತಿ, ತಿರುಗುವ ಕತ್ತು ಅಷ್ಟೇ.

ನೋಡದವರಿಗೆ ಎರಡು ಸಾಲಿನಲ್ಲಿ ಕಥೆ. ವಿಲಿಯಂ ಪೀಟರ್ ಬ್ಲಾಟಿ 1971ರಲ್ಲಿ ಬರೆದ ಕಾದಂಬರಿ, ಚಿತ್ರಕಥೆಯೂ ಅವನದೇ, ನಿರ್ದೇಶನ ವಿಲಿಯಂ ಫ್ರೀಡ್ಕಿನ್. ವಾಷಿಂಗ್ಟನ್ನಿನ ಜಾರ್ಜ್‌ಟೌನ್‌ನಲ್ಲಿ ಒಬ್ಬ ನಟಿ, ಆಕೆಯ ಮಗಳು ರೀಗನ್. ಮಗಳ ಮೈಯಲ್ಲಿ ಏನೋ ಸೇರುತ್ತದೆ. ಡಾಕ್ಟರುಗಳೆಲ್ಲ ಕೈಚೆಲ್ಲಿದ ಮೇಲೆ ಇಬ್ಬರು ಪಾದ್ರಿಗಳು ಬರುತ್ತಾರೆ. ಅದರಲ್ಲಿ ಚಿಕ್ಕವನು, ಫಾದರ್ ಕ್ಯಾರಸ್, ತನ್ನ ತಾಯಿಯನ್ನು ಈಚೆಗೆ ಕಳೆದುಕೊಂಡವನು. ಕೊನೆಗಾಲದಲ್ಲಿ ಅವಳ ಜೊತೆ ಇರಲಿಲ್ಲ ಅನ್ನುವ ಕೊರಗು ಅವನಿಗೆ.

ಮಾವನ ಮಗ ಪುಣೆಯಿಂದ ಬರುವಾಗ ಪೆನ್ ಡ್ರೈವಿನಲ್ಲಿ ತಂದಿದ್ದ ಪ್ರತಿಯಲ್ಲಿ ಹಿಂದಿ, ಇಂಗ್ಲಿಷ್ ಎರಡೂ ಧ್ವನಿ ಇದ್ದವು. ತಂಗಿಯ ಸಣ್ಣ ಮಗನನ್ನು ಮೊದಲೇ ಮಲಗಿಸಿದೆವು (ಅದು ಮಕ್ಕಳು ನೋಡುವ ಸಿನಿಮಾ ಅಲ್ಲವೇ ಅಲ್ಲ). ಅವ್ವ, ತಂಗಿ, ನಾನು ಕೂತೆವು. ಅವ್ವನಿಗೆ ಇಂಗ್ಲಿಷ್ ಬರುವುದಿಲ್ಲ. ಮರಾಠಿ ಚೆನ್ನಾಗಿ ಬರುತ್ತದೆ, ಹಿಂದಿ ಅರ್ಧಂಬರ್ಧ. ಅವಳಿಗಾಗಿ ಹಿಂದಿ ಹಾಕಿದೆ.

ಏನಾಯ್ತು ಅಂತೀರಿ? ಮೊದಲ ಮುಕ್ಕಾಲು ಗಂಟೆ ಮೂವರೂ ಆಕಳಿಸಿದೆವು. ದೆವ್ವ ಬಯ್ಯತೊಡಗಿದ ಮೇಲೆ ನಗು ಶುರುವಾಯಿತು. ಆ ಹಿಂದಿ ಬೈಗುಳ ಯಾವುದೋ ಸೀರಿಯಲ್ಲಿನ ಖಳನಾಯಕ ಜಮೀನು ಬರೆಸಿಕೊಳ್ಳಲು ಬಂದ ಹಾಗಿತ್ತು. ತಾಯಿ, ಮಗಳು, ಪಾದ್ರಿ, ದೆವ್ವ ಎಲ್ಲರೂ ಒಂದೇ ಪಾಠಪುಸ್ತಕದಿಂದ ಹಿಂದಿ ಕಲಿತಂತೆ ಮಾತಾಡುತ್ತಿದ್ದರು. ಒಂದು ದೃಶ್ಯವಂತೂ ಪೂರ್ತಿ ಕೆಟ್ಟಿತು. ರೀಗನ್‌ಳ ವಿಚಿತ್ರ ಮಾತನ್ನು ಟೇಪಿನಲ್ಲಿ ಹಿಡಿದು ಕ್ಯಾರಸ್ ಒಬ್ಬ ತಜ್ಞನ ಹತ್ತಿರ ಒಯ್ಯುತ್ತಾನೆ. ಇದೊಂದು ಭಾಷೆಯೇ ಹೌದು, ಇಂಗ್ಲಿಷ್, ತಿರುಗುಮುರುಗಾಗಿ ಹೇಳಿದ್ದು ಅಂತ ಅವನು ತೋರಿಸುತ್ತಾನೆ. ಮೂಲದಲ್ಲಿ ಮೈ ಜುಮ್ ಅನ್ನುವ ಜಾಗ ಅದು. ತಂಗಿ ಕಿಸಕ್ಕನೆ ನಕ್ಕಳು. "ಅಲ್ಲೋ ಅಣ್ಣಾ, ಇಷ್ಟೊತ್ತನ ಹುಡುಗಿ ಹಿಂದಿ ಮಾತಾಡಾಕತ್ತಿತ್ತು, ಈಗ ಇಂಗ್ಲಿಷ್ ಎಲ್ಲಿಂದ ಬಂತು?" ಅವಳು ಕೇಳಿದ್ದು ನ್ಯಾಯವಾಗೇ ಇತ್ತು.

ಎರಡನೇ ರಾತ್ರಿ ಒಬ್ಬನೇ ಇಂಗ್ಲಿಷಿನಲ್ಲಿ ನೋಡಿದೆ. ಆಗ ಗೊತ್ತಾಗಿದ್ದು ಈ ಸಿನಿಮಾ ಕಿವಿಗೆ ಮಾಡಿದ್ದು ಅಂತ. ಹತ್ತು ಆಸ್ಕರ್ ನಾಮನಿರ್ದೇಶನಗಳಲ್ಲಿ ಅದು ಗೆದ್ದದ್ದು ಎರಡನ್ನು. ಒಂದು ಚಿತ್ರಕಥೆಗೆ, ಇನ್ನೊಂದು ಧ್ವನಿಗೆ. ರೀಗನ್ ಆಗಿ ನಟಿಸಿದ್ದು ಲಿಂಡಾ ಬ್ಲೇರ್ ಎಂಬ ಹುಡುಗಿ. ಆದರೆ ದೆವ್ವ ಮಾತಾಡುವಾಗ ಕೇಳುವ ಧ್ವನಿ ಅವಳದ್ದಲ್ಲ, ಮರ್ಸಿಡಿಸ್ ಮೆಕೇಂಬ್ರಿಜ್ ಎಂಬ ಹಿರಿಯ ನಟಿಯದು. ರೇಡಿಯೋ ನಾಟಕದಲ್ಲಿ ಪಳಗಿದವಳು, ಅದಕ್ಕೂ ಮೊದಲೇ ಒಂದು ಆಸ್ಕರ್ ಪಡೆದವಳು. ಗಂಟಲು ಕೆಡಿಸಿಕೊಳ್ಳಲು ಹಸಿ ಮೊಟ್ಟೆ ನುಂಗಿ, ಸಿಗರೇಟು ಸೇದಿ ಆ ಧ್ವನಿ ಕೊಟ್ಟಳಂತೆ. ಮೊದಲು ತೆರೆಗೆ ಬಂದಾಗ ಅವಳ ಹೆಸರನ್ನೇ ಹಾಕಿರಲಿಲ್ಲ, ಜಗಳ ಮಾಡಿ ಹಾಕಿಸಿಕೊಂಡಳು.

ಇದನ್ನು ಒಂದು ಗಳಿಗೆ ಯೋಚಿಸಿ. "ಮೂಲ ಭಾಷೆಯಲ್ಲೇ ನೋಡಬೇಕು, ಡಬ್ಬಿಂಗ್ ಅಂದರೆ ಕಲೆಯ ಕೊಲೆ" ಅನ್ನುವ ಗೆಳೆಯರು ತುಂಬಾ ಜನ ಇದ್ದಾರೆ. ಜಗತ್ತಿನ ಅತಿ ಪ್ರಸಿದ್ಧ ದೆವ್ವದ ಸಿನಿಮಾದ ದೆವ್ವವೇ ಡಬ್ಬಿಂಗ್ ದೆವ್ವ! ಒಬ್ಬಳ ಬಾಯಿ, ಇನ್ನೊಬ್ಬಳ ಧ್ವನಿ. ಡಬ್ಬಿಂಗ್ ಮಾಡಿದ್ದಕ್ಕೆ ಅದು ಕೆಡಲಿಲ್ಲ, ಚೆನ್ನಾಗಿ ಮಾಡಿದ್ದಕ್ಕೆ ಗೆದ್ದಿತು.

ಇಂಗ್ಲಿಷಿನಲ್ಲಿ ಹೆದರಿದೆನಾ? ಹೆದರಿದೆ. ಪೂರ್ತಿ ಅಲ್ಲ. ನನಗೆ ಇಂಗ್ಲಿಷ್ ಬಂದದ್ದು ಐದನೇ ಇಯತ್ತೆಯ ಪುಸ್ತಕದಿಂದ. ಇಂಗ್ಲಿಷ್ ಬೈಗುಳ ಅರ್ಥವಾಗುತ್ತದೆ, ಚುಚ್ಚುವುದಿಲ್ಲ. ತಲೆಯೊಳಗೆ ಅನುವಾದ ಮುಗಿಯುವಷ್ಟರಲ್ಲಿ ಹೆದರಿಕೆ ಮುಂದಿನ ಸ್ಟಾಪಿಗೆ ಹೋಗಿರುತ್ತದೆ.

ಆದರೆ ನಮ್ಮನೆಯಲ್ಲಿ ನಿಜವಾಗಿ ಹೆದರಿಕೆ ಆದ ಗಳಿಗೆಯೊಂದಿತ್ತು, ಅದೂ ಮೊದಲ ರಾತ್ರಿಯೇ. ಕೊನೆಯ ಭಾಗದಲ್ಲಿ ದೆವ್ವ ಕ್ಯಾರಸ್‌ನ ಸತ್ತ ತಾಯಿಯ ಧ್ವನಿಯಲ್ಲಿ ಅವನನ್ನು ಕರೆಯುತ್ತದೆ. ಆಕೆ ಗ್ರೀಸ್‌ನಿಂದ ವಲಸೆ ಬಂದ ಮುದುಕಿ, ಅವಳದ್ದು ಗ್ರೀಕ್ ವಾಸನೆಯ ಮುರುಕು ಇಂಗ್ಲಿಷ್. ಮೂಲದಲ್ಲಿ ಅದೇ ರಾಗ, ಅದೇ ಮುರುಕು ಮಾತು ಆ ಹುಡುಗಿಯ ಬಾಯಿಂದ ಬರುತ್ತದೆ. ಹಿಂದಿಯಲ್ಲಿ ಎಲ್ಲರ ಮಾತೂ ಒಂದೇ ಆಗಿದ್ದರಿಂದ ಇದು ತಿಳಿಯಲೇ ಇಲ್ಲ. ಪಾದ್ರಿ ಕೂಗಾಡುವುದಷ್ಟೇ ಕಂಡಿತು. ಅವ್ವ ಕೇಳಿದಳು.

"ಯಾಕೋ ತಮ್ಮಾ, ಆ ಸ್ವಾಮ್ಯಾರು ಯಾಕ ಹಂಗ ಒದರಾಕತ್ತಾರ?"

"ಅವರವ್ವ ಸತ್ತಾಳ ಅವ್ವಾ. ದೆವ್ವ ಈಗ ಆಕಿ ಧ್ವನಿ ತಗದ ಮಾತಾಡಾಕತ್ತೈತಿ."

"ಹಾಂ? ಅವರವ್ವನ ಧ್ವನಿಲೇ?"

"ಹೂಂ. ಯಾಕ ಹಿಂಗ ಮಾಡಿದ್ಯೋ ಮಗನ ಅಂತ ಕೇಳಾಕತ್ತೈತಿ."

ಅವ್ವ ಸೆರಗು ಮೈತುಂಬ ಎಳೆದುಕೊಂಡಳು. ಸ್ವಲ್ಪ ಹೊತ್ತು ಏನೂ ಅನ್ನಲಿಲ್ಲ. ಆಮೇಲೆ ಹೇಳಿದಳು. "ರಾತ್ರಿ ಯಾರರ ಹೆಸರ ಹಿಡದ ಕರದರ ಒಂದ ಸಲಕ್ಕ ಓ ಅನಬಾರ್ದು ಅಂತ ನಮ್ಮ ಆಯಿ ಹೇಳತಿದ್ಲು. ಮೂರ ಸಲ ಕರಿಯೂತನ ತಡೀಬೇಕು. ದೆವ್ವ ಮೂರ ಸಲ ಕರಿಯೂದಿಲ್ಲ." ಹಾಗಂದು, ಹಿತ್ತಲಿಗೆ ಹೋಗಲು ತಂಗಿಯನ್ನು ಜೊತೆಗೆ ಎಬ್ಬಿಸಿಕೊಂಡು ಹೋದಳು.

ಗಮನಿಸಿ. ಎರಡು ತಾಸಿನ ಹಿಂದಿ ಮಾಡಲಾಗದ ಕೆಲಸವನ್ನು ನಾನು ಆಡಿದ ಎರಡು ಸಾಲು ಚಿಕ್ಕೋಡಿ ಕನ್ನಡ ಮಾಡಿತು. ನನ್ನ ಹೆಚ್ಚುಗಾರಿಕೆ ಏನೂ ಇಲ್ಲ ಅದರಲ್ಲಿ. ಸಿನಿಮಾ ಅವಳ ಮನೆಯೊಳಗೆ ಬಂದದ್ದು ಆಗ.

ಕನ್ನಡ ನಾಡಿನ ದೆವ್ವಗಳಿಗೆ ಈ ಗುಟ್ಟು ಮೊದಲಿಂದ ಗೊತ್ತು. 'ನಾಳೆ ಬಾ' ನೆನಪಿಸಿಕೊಳ್ಳಿ. 1990ರ ದಶಕದಲ್ಲಿ ಕರ್ನಾಟಕದ ಎಷ್ಟೋ ಊರುಗಳಲ್ಲಿ ಬಾಗಿಲ ಮೇಲೆ ಸುಣ್ಣದಲ್ಲೋ ಬಳಪದಲ್ಲೋ ಅದನ್ನು ಬರೆದಿರುತ್ತಿದ್ದರು. ರಾತ್ರಿ ಹೊತ್ತು ಬಾಗಿಲು ಬಡಿಯುವ ದೆವ್ವ, ನಿಮ್ಮವರದೇ ಧ್ವನಿಯಲ್ಲಿ ನಿಮ್ಮನ್ನು ಕರೆಯುತ್ತದೆ. ಬಾಗಿಲು ತೆರೆದರೆ ಕಥೆ ಮುಗಿಯಿತು. ಬಾಗಿಲ ಮೇಲೆ 'ನಾಳೆ ಬಾ' ಅಂತ ಇದ್ದರೆ ಓದಿಕೊಂಡು ಹೋಗುತ್ತದೆ, ಮರುದಿನ ಬಂದು ಮತ್ತೆ ಓದಿಕೊಂಡು ಹೋಗುತ್ತದೆ. ಅಂದರೆ ಅದಕ್ಕೆ ಕನ್ನಡ ಮಾತಾಡಲೂ ಬರುತ್ತದೆ, ಓದಲೂ ಬರುತ್ತದೆ! ಹೇಳಿದ ಮಾತು ಕೇಳುವಷ್ಟು ಸಂಭಾವಿತ ಬೇರೆ. ಇದೇ ನಂಬಿಕೆಯನ್ನು ಎತ್ತಿಕೊಂಡು 2018ರಲ್ಲಿ 'ಸ್ತ್ರೀ' ಅನ್ನುವ ಹಿಂದಿ ಸಿನಿಮಾ ಬಂತು. ಕಥೆ ಮಧ್ಯಪ್ರದೇಶದ ಚಂದೇರಿಗೆ ಹೋಯಿತು, ಗೋಡೆಬರಹ ಹಿಂದಿಯಾಯಿತು. ದೆವ್ವ ಅಲ್ಲಿನ ಭಾಷೆ ಕಲಿತುಕೊಂಡಿತು. ಅವರು ಮಾಡಿದ್ದು ಸರಿಯಾಗೇ ಇದೆ, ಚಂದೇರಿಯ ದೆವ್ವಕ್ಕೆ ಕನ್ನಡ ಯಾಕೆ ಬಂದೀತು?

ಇನ್ನೊಂದು ಉದಾಹರಣೆ ನಾಗವಲ್ಲಿಯದು. ಮಲಯಾಳದ 'ಮಣಿಚಿತ್ರತ್ತಾಳ್' (1993) ಸಿನಿಮಾದಲ್ಲಿ ಮಲಯಾಳಿ ಮನೆಯ ಹೆಣ್ಣುಮಗಳ ಬಾಯಿಂದ ಬರುವುದು ತಮಿಳು. ಕನ್ನಡದ 'ಆಪ್ತಮಿತ್ರ' (2004) ಸಿನಿಮಾದಲ್ಲಿ ಸೌಂದರ್ಯ ತೆಲುಗಿನಲ್ಲಿ ಅಬ್ಬರಿಸುತ್ತಾರೆ. ಹಿಂದಿಯ 'ಭೂಲ್ ಭುಲಯ್ಯಾ' (2007) ಸಿನಿಮಾದಲ್ಲಿ ಅದು ಬಂಗಾಳಿಯಾಯಿತು. ಕಥೆ ಹೆಚ್ಚೂಕಡಿಮೆ ಅದೇ, ದೆವ್ವದ ಭಾಷೆಯನ್ನು ಮಾತ್ರ ಪ್ರತಿ ಸಲ ಹುಡುಕಿ ಬದಲಾಯಿಸಿದರು. ಯಾಕೆ? ಪ್ರೇಕ್ಷಕನ ಮನೆಮಾತಿಗೆ ಅದು ಹೊರಗಿನದು ಅನಿಸಬೇಕು. ಇಷ್ಟು ಹೊತ್ತು ನಮ್ಮ ಹಾಗೆ ಕನ್ನಡ ಮಾತಾಡುತ್ತಿದ್ದ ಹುಡುಗಿ ಒಮ್ಮೆಲೇ ತೆಲುಗಿಗೆ ತಿರುಗಿದಾಗ ಬೆನ್ನ ಹುರಿಯಲ್ಲಿ ಚಳಿ ಹತ್ತುತ್ತದೆ.

ನನ್ನ ಲೆಕ್ಕದಲ್ಲಿ ಮಾತಾಡುವ ದೆವ್ವ ಹೆದರಿಸಲು ಎರಡು ದಾರಿ ಇವೆ. ಒಂದು, ನಮ್ಮವರ ಧ್ವನಿ ಬೇರೆ ಬಾಯಿಂದ ಬರುವುದು, 'ನಾಳೆ ಬಾ' ದೆವ್ವದ ಹಾಗೆ, ಕ್ಯಾರಸ್‌ನ ತಾಯಿಯ ಹಾಗೆ. ಇನ್ನೊಂದು, ಬೇರೆಯವರ ಧ್ವನಿ ನಮ್ಮವರ ಬಾಯಿಂದ ಬರುವುದು, ನಾಗವಲ್ಲಿಯ ಹಾಗೆ, ರೀಗನ್‌ಳ ಹಾಗೆ. ಎರಡಕ್ಕೂ ಮೊದಲು 'ನಮ್ಮ ಮಾತು' ಅಂತ ಒಂದು ಇರಬೇಕು. ಪರದೆಯ ಮೇಲೆ ತಾಯಿಯೂ ಪರಭಾಷೆ, ಮಗಳೂ ಪರಭಾಷೆ, ದೆವ್ವವೂ ಪರಭಾಷೆ ಆದರೆ ಯಾರ ಮೈಯಲ್ಲಿ ಯಾರು ಹೊಕ್ಕರೆ ನಮಗೇನು?

ಹಾಗಾದರೆ ಕನ್ನಡದಲ್ಲಿ ಯಾಕೆ ಇಲ್ಲ? ಉತ್ತರ ನಿಮಗೆಲ್ಲ ಗೊತ್ತಿರುವುದೇ. 1960ರ ದಶಕದಲ್ಲಿ ಡಬ್ಬಿಂಗ್ ಬೇಡ ಅನ್ನುವ ಚಳವಳಿ ಆಯಿತು. ಅನಕೃ, ಮ. ರಾಮಮೂರ್ತಿ, ರಾಜ್‌ಕುಮಾರ್ ಅಂಥವರು ಮುಂದೆ ನಿಂತಿದ್ದರು. ಅವರನ್ನು ಈಗ ಕೂತು ಹಳಿಯುವುದು ನನಗೆ ಸರಿಕಾಣುವುದಿಲ್ಲ. ಆಗ ಕನ್ನಡ ಚಿತ್ರರಂಗ ಮದ್ರಾಸಿನ ಸ್ಟುಡಿಯೋಗಳ ನೆರಳಲ್ಲಿತ್ತು, ವರ್ಷಕ್ಕೆ ಬರುತ್ತಿದ್ದ ಚಿತ್ರಗಳೂ ಕಡಿಮೆ. ಡಬ್ಬಿಂಗ್ ಪ್ರವಾಹ ಬಂದಿದ್ದರೆ ನಮ್ಮ ಕಲಾವಿದರ, ತಂತ್ರಜ್ಞರ ಹೊಟ್ಟೆಪಾಡು ಏನಾಗುತ್ತಿತ್ತೋ. ಆ ಕಾಲಕ್ಕೆ ಆ ಔಷಧಿ ಬೇಕಿತ್ತು. ಆದರೆ ಜ್ವರ ಇಳಿದ ಮೇಲೂ ಐವತ್ತು ವರ್ಷ ಅದನ್ನೇ ಕುಡಿಸಿದರು. ಕಾನೂನಿನಲ್ಲಿ ಎಲ್ಲೂ ನಿಷೇಧ ಇರಲಿಲ್ಲ, ಕಟ್ಟುಪಾಡು ಮಾತ್ರ ಕಾನೂನಿಗಿಂತ ಗಟ್ಟಿಯಾಗಿತ್ತು.

ಅಷ್ಟರಲ್ಲಿ ಏನಾಯಿತು ನೋಡಿ. 1994ರಲ್ಲಿ 'ಜುರಾಸಿಕ್ ಪಾರ್ಕ್' ಹಿಂದಿ ಮಾತಾಡಿತು. ಆಮೇಲೆ ಹಾಲಿವುಡ್ ಹಿಂದಿ, ತಮಿಳು, ತೆಲುಗು ಸಲೀಸಾಗಿ ಕಲಿಯಿತು. ಕನ್ನಡಿಗ ಅದನ್ನು ನೋಡುವುದನ್ನು ಬಿಟ್ಟನೇ? ಇಲ್ಲ. ಕೋಲಾರದವನು ತೆಲುಗಿನಲ್ಲಿ ನೋಡಿದ, ನಾವು ಹಿಂದಿಯಲ್ಲಿ ನೋಡಿದೆವು. ಕನ್ನಡಿಗ ಪರಭಾಷೆಯ ಸಿನಿಮಾ ನೋಡದಂತೆ ಕಾಯುವ ಕಟ್ಟುಪಾಡು ಅವನು ಕನ್ನಡದಲ್ಲಿ ನೋಡದಂತೆ ಕಾಯ್ದುಕೊಂಡಿತು.

ನಮ್ಮ ಸಿನಿಮಾ ಹೊರಗೆ ಹೋಗುವ ಬಾಗಿಲು ಮಾತ್ರ ತೆರೆದೇ ಇತ್ತು. ಅನಂತನಾಗ್, ಲಕ್ಷ್ಮೀ ಅವರ 'ನಾ ನಿನ್ನ ಬಿಡಲಾರೆ' (1979) ನೋಡದ ಕನ್ನಡಿಗರು ಕಡಿಮೆ. ಅದು 1981ರಲ್ಲಿ 'ಮಂಗಳಸೂತ್ರ' ಆಗಿ ಹಿಂದಿಗೆ ಹೋಯಿತು, ಅಲ್ಲೂ ಅನಂತನಾಗ್ ಅವರೇ, ಜೊತೆಗೆ ರೇಖಾ. ಆಮೇಲೆ 'ಕೆಜಿಎಫ್' (2018), 'ಕಾಂತಾರ' (2022) ಡಬ್ ಆಗಿ ದೇಶವೆಲ್ಲ ಓಡಿದವು, ನಾವು ಎದೆ ತಟ್ಟಿಕೊಂಡೆವು. ಕೊಡುವಾಗ ಡಬ್ಬಿಂಗ್ ಹೆಮ್ಮೆ, ತಗೊಳ್ಳುವಾಗ ಅವಮಾನ... ಇದ್ಯಾವ ನ್ಯಾಯ ಸ್ವಾಮಿ?

ಪರಿಸ್ಥಿತಿ ಬದಲಾಗಿದೆ, ಇಲ್ಲ ಅನ್ನುವುದಿಲ್ಲ. ಕನ್ನಡ ಗ್ರಾಹಕರ ಕೂಟ ಕೊಟ್ಟ ದೂರಿನ ಮೇಲೆ ಭಾರತೀಯ ಸ್ಪರ್ಧಾ ಆಯೋಗ 2015ರಲ್ಲಿ ಡಬ್ಬಿಂಗ್ ತಡೆಯುವುದು ತಪ್ಪು ಅಂತ ಹೇಳಿ ವಾಣಿಜ್ಯ ಮಂಡಳಿಗೆ ದಂಡ ಹಾಕಿತು. 2017ರಲ್ಲಿ 'ಸತ್ಯದೇವ್ ಐಪಿಎಸ್' ಬಂತು. 2020ರ ಲಾಕ್‌ಡೌನ್ ಕಾಲದಲ್ಲಿ ಹಿಂದಿ 'ಮಹಾಭಾರತ' ಧಾರಾವಾಹಿ ಕನ್ನಡದಲ್ಲಿ ಬಂದಾಗ ನಮ್ಮ ಓಣಿಯ ಮುದುಕರು ಅದರ ಹೊತ್ತಿಗೆ ಸರಿಯಾಗಿ ಟೀವಿ ಮುಂದೆ ಇರುತ್ತಿದ್ದರು. 2022ರಲ್ಲಿ 'ಅವತಾರ್' ಎರಡನೇ ಭಾಗ ಕನ್ನಡದಲ್ಲೂ ಬಂತು. 2023ರಲ್ಲಿ ಸ್ಪೈಡರ್‌ಮ್ಯಾನ್ ಕಾರ್ಟೂನ್ ಚಿತ್ರ ಕನ್ನಡ, ಮರಾಠಿ ಎರಡರಲ್ಲೂ ಬಂತು. ಮರಾಠಿ ಅಂದಾಗ ನೆನಪಾಯಿತು, ನಮ್ಮ ಮರಾಠಿ ನೆರೆಯವರ ಗತಿಯೂ ಈ ವಿಷಯದಲ್ಲಿ ನಮ್ಮದೇ. "ನಿಮಗೆ ಹಿಂದಿ ತಿಳೀತದಲ್ಲ" ಅಂತ ಅವರಿಗೂ ವರ್ಷಗಟ್ಟಲೆ ಹಿಂದಿಯನ್ನೇ ಬಡಿಸಿದರು.

ಆದರೆ ಹೀಗೆ ಬರುವುದು ಹೊಸ, ದುಬಾರಿ ಸಿನಿಮಾಗಳು. ಹಳೆಯ ಒಳ್ಳೆಯ ಸಿನಿಮಾಗಳ ಗತಿ ಏನು? ಅವುಗಳನ್ನು ಜನ ನೋಡುವುದು ಮನೆಯಲ್ಲಿ. ಮನೆಯಲ್ಲಿ ರಿಮೋಟ್ ಒತ್ತಿ ಭಾಷೆ ಆರಿಸುವ ಜಾಗಕ್ಕೆ ಬಂದರೆ ಹೆಚ್ಚಿನ ಸಲ ಸಿಗುವುದು ಹಿಂದಿ, ಇಂಗ್ಲಿಷ್. ನನ್ನ ಬೇಡಿಕೆ ಇಷ್ಟೇ, ಆ ಪಟ್ಟಿಯಲ್ಲಿ ಕನ್ನಡವೂ ಇರಲಿ. ಇಂಗ್ಲಿಷ್ ಬೇಕಾದವರು ಇಂಗ್ಲಿಷ್ ಒತ್ತಲಿ, ಅವರ ಕೈ ಯಾರೂ ಹಿಡಿಯುವುದಿಲ್ಲ.

ಸಬ್‌ಟೈಟಲ್ ಸಾಕಲ್ಲ ಅನ್ನುತ್ತೀರಾ? ನಮ್ಮಂಥವರಿಗೆ ಸಾಕು. ನಮ್ಮವ್ವ ಓದಿದ್ದು ಎರಡನೇ ಇಯತ್ತೆ, ಕನ್ನಡಕ ಹಾಕಿಕೊಂಡು ಅಕ್ಷರ ಕೂಡಿಸಿ ಓದುತ್ತಾಳೆ. ಅವಳು ಒಂದು ಸಾಲು ಓದಿ ಮುಗಿಸುವಷ್ಟರಲ್ಲಿ ದೆವ್ವ ಮೆಟ್ಟಿಲಿಳಿದು ಹೋಗಿರುತ್ತದೆ.

ಇನ್ನೊಂದು ಮುಖ್ಯ ಪ್ರಶ್ನೆ, ಯಾವ ಕನ್ನಡ? ಡಬ್ಬಿಂಗ್ ಅಂದಕೂಡಲೇ ಒಂದು ಸತ್ತ ಕನ್ನಡ ಬರುತ್ತದೆ. "ಓ ದೇವರೇ, ನೀನು ನನ್ನನ್ನು ಏಕೆ ಹೀಗೆ ಪೀಡಿಸುತ್ತಿರುವೆ" ಅನ್ನುವ ಜಾತಿಯದು. ಹಾಗೆ ಮಾಡುವುದಾದರೆ ಬೇಡವೇ ಬೇಡ, ಹಿಂದಿಯಲ್ಲೇ ನಗುತ್ತೇವೆ. ನಮ್ಮ ರಾಯಬಾಗ ತಾಲೂಕಿನ ಚಿಂಚಲಿ ಮಾಯಕ್ಕನ ಜಾತ್ರೆಗೆ ಬಂದು ನೋಡಿ. ಎರಡೂ ರಾಜ್ಯದ ಜನ ಗಾಡಿ ಕಟ್ಟಿಕೊಂಡು ಬರುತ್ತಾರೆ. ಮೈಯಲ್ಲಿ ದೇವರು ಬಂದವರು ಕನ್ನಡದವರಾದರೆ ಕನ್ನಡದಲ್ಲಿ, ಮರಾಠ ಮಂದಿಯಾದರೆ ಮರಾಠಿಯಲ್ಲಿ ಮಾತಾಡುವುದನ್ನು ನಾನೇ ಕೇಳಿದ್ದೇನೆ. ನಂಬುವುದು ಬಿಡುವುದು ಬೇರೆ ಮಾತು. ಆದರೆ ಅಲ್ಲಿನ ಒಂದು ಮಾತೂ ಪುಸ್ತಕದ್ದಲ್ಲ. ಹೊಲದಲ್ಲಿ, ಕಬ್ಬಿನ ಗಾಡಿಯ ಮೇಲೆ, ತಂಬಾಕಿನ ವಖಾರಿಯಲ್ಲಿ ಆಡುವ ಮಾತು. ಅದಕ್ಕೇ ಕೇಳಿದವರ ಕೈ ತಾನಾಗಿ ಮುಗಿಯುತ್ತದೆ.

ಇದು ಸಾಧ್ಯ ಅನ್ನುವುದಕ್ಕೆ 2025ರಲ್ಲಿ ಬಂದ 'ಸು ಫ್ರಂ ಸೋ' ಸಾಕ್ಷಿ. ಸೋಮೇಶ್ವರದ ಸುಲೋಚನ ಅನ್ನುವ ದೆವ್ವ, ಕರಾವಳಿಯ ಹಳ್ಳಿ, ಕರಾವಳಿಯ ಕನ್ನಡ. ಜೆ.ಪಿ. ತುಮಿನಾಡು ನಿರ್ದೇಶಿಸಿದ ಆ ನಗೆ-ದೆವ್ವದ ಸಿನಿಮಾವನ್ನು ಇಡೀ ಕರ್ನಾಟಕ ನೋಡಿತು. ಆ ಮಾತು ನಮಗೆ ದೂರದ್ದು, ಆದರೂ ನಿಜವಾದ್ದು, ಅದಕ್ಕೇ ಹಿಡಿಸಿತು. ಮಂಗಳೂರಿನ ದೆವ್ವಕ್ಕೆ ಸಿಕ್ಕ ಮರ್ಯಾದೆ ಅಥಣಿಯ ದೆವ್ವಕ್ಕೆ ಯಾವಾಗ? ಸಿನಿಮಾದಲ್ಲಿ ನಮ್ಮ ಕನ್ನಡ ಬರುವುದು ಹೆಚ್ಚಾಗಿ ಹೋಟೆಲ್ ಮಾಣಿಗೆ, ಕುಡುಕನಿಗೆ, ನಗಿಸುವವನಿಗೆ. ಒಮ್ಮೆ ಹೆದರಿಸಲೂ ಬಿಡಿ ನೋಡೋಣ :)

ಇದೆಲ್ಲ ಬರೀ ಮನರಂಜನೆಯ ಮಾತು ಅನಿಸಬಹುದು. ನನಗೆ ಹಾಗೆ ಅನಿಸುವುದಿಲ್ಲ. ಗಡಿ ಅಂದಕೂಡಲೇ ಎಲ್ಲರಿಗೂ ನೆನಪಾಗುವುದು 1967ರ ಮಹಾಜನ ವರದಿ, 2004ರಿಂದ ಸುಪ್ರೀಂ ಕೋರ್ಟಿನಲ್ಲಿರುವ ದಾವೆ, ಬಸ್ಸಿಗೆ ಮಸಿ, ಅಂಗಡಿ ಬೋರ್ಡಿನ ಜಗಳ. ಬೋರ್ಡಿನ ಮೇಲೆ ಕನ್ನಡ ಇರಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಬೋರ್ಡು ಓದಿ ಮನೆಗೆ ಬಂದವನು ಬಾಗಿಲು ಹಾಕಿಕೊಂಡು ಸಂಜೆ ಮೂರು ತಾಸು ಯಾವ ಭಾಷೆಯಲ್ಲಿ ನಗುತ್ತಾನೆ, ಅಳುತ್ತಾನೆ, ಹೆದರುತ್ತಾನೆ? ಅದರ ಬಗ್ಗೆ ಒಂದು ಮೋರ್ಚಾ ಆಗಿದ್ದು ನಾನು ನೋಡಿಲ್ಲ.

ನಮ್ಮನೆಯ ಸಣ್ಣ ಹುಡುಗ, ತಂಗಿಯ ಮಗ, ನೋಡುವ ಕಾರ್ಟೂನೆಲ್ಲ ಹಿಂದಿ. ಸಿನಿಮಾ ನೋಡಿದ ಮರುದಿನ ನಮ್ಮ ಮಾತು ಕೇಳಿಸಿಕೊಂಡು ಅವನೂ ದೆವ್ವದ ಆಟ ಶುರು ಮಾಡಿದ. ಬಾಗಿಲ ಹಿಂದೆ ಅಡಗಿ ಕೂತು, ಅವ್ವ ಬಂದಾಗ ಜಿಗಿದು "ಮೈ ತುಝೆ ಖಾ ಜಾವೂಂಗಾ" ಅಂತ ಕೂಗಿದ. ಅವ್ವ ಸುಮ್ಮನೆ ನಿಂತು ತಂಗಿಯ ಮುಖ ನೋಡಿದಳು. "ಏನ ಅಂತೈತಿ ಇದು?" ಹುಡುಗನ ಮುಖ ಸಪ್ಪಗಾಯಿತು. "ಆಯಿ, ನಿನಗ ಹೆದರಿಕಿ ಬರಂಗಿಲ್ಲೇನ?" ಅಂತ ಕೇಳಿದ. ಅಜ್ಜಿಯ ದೆವ್ವ ಕನ್ನಡದ್ದು, ಮೊಮ್ಮಗನ ದೆವ್ವ ಹಿಂದಿಯದು. ಒಂದೇ ಸೂರಿನ ಕೆಳಗೆ ಇಬ್ಬರೂ ಕೂಡಿ ಹೆದರಲು ಒಂದು ದೆವ್ವ ಇಲ್ಲ. ಇದಕ್ಕೆ ಕೊಲ್ಹಾಪುರದವರನ್ನಾಗಲಿ ದಿಲ್ಲಿಯವರನ್ನಾಗಲಿ ಬಯ್ಯಲು ಬರುವುದಿಲ್ಲ. ಅವರ ಕೈಗೆ ರಿಮೋಟ್ ಕೊಟ್ಟವರು ನಾವೇ.

ಕಂಪ್ಯೂಟರಿನಲ್ಲಿ ಕನ್ನಡ ಮೂಡುವುದೇ ಕಷ್ಟ ಅಂದ ದಿನಗಳಲ್ಲಿ ಬರಹ, ನುಡಿ ಹಾಕಿಕೊಂಡು, ಒತ್ತಕ್ಷರ ಒಡೆದು ಚೌಕ ಚೌಕ ಕಂಡರೂ ಬಿಡದೆ ಬರೆದವರು ನಾವು ಬ್ಲಾಗಿಗರು. ಯಾರೂ ನಮ್ಮನ್ನು ಕೇಳಿರಲಿಲ್ಲ, ಬೇಕು ಅನಿಸಿತು, ಬರೆದೆವು. ಹಾಗೇ ಇದನ್ನೂ ಬೇಕು ಅಂತ ಹೇಳಬೇಕು. ಸಿನಿಮಾ ತೋರಿಸುವ ಕಂಪನಿಗಳಿಗೆ, ಚಾನೆಲ್ಲುಗಳಿಗೆ ಕನ್ನಡ ಧ್ವನಿ ಹಾಕಿ ಅಂತ ಬರೆಯಿರಿ. ಕನ್ನಡದಲ್ಲಿ ಬಂದಾಗ ಇಂಗ್ಲಿಷ್ ಒತ್ತದೆ ಕನ್ನಡವನ್ನೇ ಒತ್ತಿ ನೋಡಿ, ಯಾಕೆಂದರೆ ಅವರು ಎಣಿಸುವುದು ಅದನ್ನೇ. ಡಬ್ಬಿಂಗ್ ಕೆಟ್ಟದಾಗಿದ್ದರೆ ಕೆಟ್ಟದಾಗಿದೆ ಅಂತ ಬಯ್ಯಿರಿ, ಅದೂ ಕನ್ನಡದಲ್ಲೇ. ನಮ್ಮ ಕಡೆ ರಂಗಭೂಮಿಯಲ್ಲಿ, ಪಾರಿಜಾತದ ಮೇಳಗಳಲ್ಲಿ ಪಳಗಿದ ಗಂಟಲುಗಳು ಇನ್ನೂ ಇವೆ. ಮೆಕೇಂಬ್ರಿಜ್‌ಗೆ ಏನೂ ಕಡಿಮೆ ಇಲ್ಲದವರು. ಹಸಿ ಮೊಟ್ಟೆಯೂ ಬೇಕಾಗಲಿಕ್ಕಿಲ್ಲ, ನಿಪ್ಪಾಣಿಯ ಬೀಡಿ ಸಾಕು :)

ಇನ್ನು ನಿಮ್ಮ ಸರದಿ. ನೀವು ಮೊದಲ ಸಲ ಸಿನಿಮಾ ನೋಡಿ ಹೆದರಿದ್ದು ಯಾವುದಕ್ಕೆ, ಯಾವ ಭಾಷೆಯಲ್ಲಿ? ನಿಮ್ಮೂರಿನ ದೆವ್ವ ಯಾವ ಕನ್ನಡ ಮಾತಾಡುತ್ತಿತ್ತು? ಡಬ್ಬಿಂಗ್ ಬೇಡವೇ ಬೇಡ ಅನ್ನುವವರೂ ಬರೆಯಿರಿ. ಜಗಳ ಆಡೋಣ, ಸಿಟ್ಟಾಗುವುದು ಬೇಡ.